ಎರಡು ಜಿಬಿಯ ಸೂಜಿಯಮ್ಮ

ತನ್ನ ಅಂಗಡಿಯ ಮೆಟ್ಟಿಲನ್ನು ಅತ್ತಿಗೆ ಹತ್ತಿ ಬರುತ್ತಿರುವುದನ್ನು ಕಂಡಾಗ ನಾದಿನಿ ಮೊದಲು ಮಾಡಿದ ಕೆಲಸವೆಂದರೆ ಜೆರಾಕ್ಸ್ ಯಂತ್ರದ ಮುಚ್ಚಳ ತೆಗೆದು ಒಳಗೆ ತಲೆ ಹಾಕಿದ್ದು. ಯಂತ್ರಕ್ಕೆ ಏನೂ ಆಗಿರಲಿಲ್ಲ. ಇಬ್ಬರೂ ಮಾತು ಬಿಟ್ಟು ಒಂದೂವರೆ ವರ್ಷವಾಗಿತ್ತು. ಎದುರಿಗೆ ಸಿಕ್ಕರೆ ಮುಖ ಎಲ್ಲಿ ಬಚ್ಚಿಡಬೇಕೆಂಬುದು ಇಬ್ಬರಿಗೂ ರೂಢಿಯಾಗಿಬಿಟ್ಟಿತ್ತು.

ಜಗಳದ ಮೂಲ ಒಂದು ಒತ್ತಕ್ಷರ. ಅತ್ತಿಗೆ, ಅಂದರೆ ನಾದಿನಿಯ ಅಣ್ಣನ ಹೆಂಡತಿ, ಅದೇ ಬೀದಿಯ ಕೊನೆಯ ತಗಡಿನ ಶೆಡ್ಡಿನಲ್ಲಿ ಕಂಪ್ಯೂಟರ್ ಕಸೂತಿ ಯಂತ್ರ ನಡೆಸುವವಳು. ಶಾಲೆಯ ಕೋಟುಗಳ ಲಾಂಛನ, ಆಸ್ಪತ್ರೆಯ ಹೊದಿಕೆಗಳ ಮೇಲಿನ ಹೆಸರು, ಹೋಟೆಲಿನ ಟವೆಲ್ಲುಗಳ ಮೂಲೆಯ ಗುರುತು, ಇಂಥವು ಅಲ್ಲಿಯ ಕೆಲಸ. ಒಮ್ಮೆ ಒಂದು ಶಾಲೆಯ ಹೆಸರನ್ನು ನಾದಿನಿ ಟೈಪ್ ಮಾಡಿಕೊಟ್ಟಳು, ಅತ್ತಿಗೆ ಹೊಲಿಸಿದಳು. ಇನ್ನೂರ ನಲವತ್ತು ಲಾಂಛನ ಮುಗಿದ ಮೇಲೆ ನೋಡಿದರೆ ಒಂದು ಒತ್ತು ಇರಬೇಕಾದ ಕಡೆ ಇಲ್ಲ. ಶಾಲೆಯವರು ಕೊಟ್ಟ ಚೀಟಿಯಲ್ಲಿದ್ದದ್ದನ್ನೇ ಟೈಪ್ ಮಾಡಿದೆ ಎಂದು ಇವಳು, ಟೈಪ್ ಆಗಿದ್ದದ್ದನ್ನೇ ಹೊಲಿದೆ ಎಂದು ಅವಳು. ಚೀಟಿ ಎಲ್ಲಿ ಹೋಯಿತೋ ಯಾರಿಗೂ ಸಿಗಲಿಲ್ಲ. ಅಲ್ಲಿಂದಾಚೆಗೆ ಇಬ್ಬರ ನಡುವೆ ಮಾತೇನಾದರೂ ಓಡಾಡಬೇಕಿದ್ದರೆ ಅಣ್ಣನ ಮೂಲಕವೇ. ಅವನು ಸಾಮಾನು ಸಾಗಿಸುವ ವ್ಯಾನಿನ ಚಾಲಕ. "ದಿನಾ ಊರು ತುಂಬ ಪೆಟ್ಟಿಗೆ ಹೊರ್ತೀನಿ, ಮನೆಗೆ ಬಂದ್ರೆ ನಿಮ್ಮಿಬ್ಬರ ಮಾತು ಹೊರಬೇಕು," ಎಂದು ಗೊಣಗುತ್ತಿದ್ದ.

ಆ ದಿನ ಅತ್ತಿಗೆ ಅಣ್ಣನನ್ನು ಕಳಿಸದೆ ತಾನೇ ಬಂದಿದ್ದಳು. ಮೇಜಿನ ಮೇಲೆ ಒಂದು ಪೆನ್‌ಡ್ರೈವ್ ಇಟ್ಟಳು. ಬಣ್ಣ ಮಾಸಿ, ತುದಿ ಸವೆದಿದ್ದ ಹಳೆಯದು.

"ಇದು ಏನೂ ತೋರಿಸ್ತಿಲ್ಲ. ಸ್ವಲ್ಪ ನೋಡ್ತೀಯಾ?"

ನಾದಿನಿ ಅದನ್ನು ಕಂಪ್ಯೂಟರಿಗೆ ಚುಚ್ಚಿದಳು. ಡಿಸ್ಕ್ ಹಾಕಿ ಎಂದು ಪರದೆ ಹೇಳಿತು. "ಹಾಕಿರೋದೇ ಡಿಸ್ಕು, ಹಾಕಿ ಅಂತ ಕೇಳ್ತಿದೆ. ಸತ್ತಿದೆ ಅಂತ ಅರ್ಥ. ಬಿಸಾಕಿ ಹೊಸದು ತಗೋ."

"ಹೊಸದು ಎರಡು ತಂದಾಯ್ತು. ನಮ್ಮ ಮೆಷಿನ್ನು ಅವನ್ನ ಮೂಸಿ ಕೂಡ ನೋಡಲ್ಲ."

ಸಂಗತಿ ಇಷ್ಟು. ಶೆಡ್ಡಿನ ಯಂತ್ರಕ್ಕೆ ಇಪ್ಪತ್ತು ವರ್ಷ ವಯಸ್ಸು. ಅದನ್ನು ಮಾಡಿದ ಕಂಪನಿ ಬಾಗಿಲು ಹಾಕಿ ಯಾವ ಕಾಲವಾಯಿತೋ. ಏನು ಹೊಲಿಯಬೇಕೆಂಬುದನ್ನು ಪೆನ್‌ಡ್ರೈವಿನಲ್ಲಿ ತುಂಬಿ ಕೊಡಬೇಕು. ಆದರೆ ಎರಡು ಜಿಬಿಗಿಂತ ದೊಡ್ಡದನ್ನು ಅದು ಗುರುತೇ ಹಿಡಿಯುವುದಿಲ್ಲ. ಅದು ಹುಟ್ಟಿದ ಕಾಲಕ್ಕೆ ಎರಡು ಜಿಬಿಯೇ ಮಹಾ ದೊಡ್ಡದು. ಈಗ ಅಷ್ಟು ಚಿಕ್ಕದನ್ನು ಯಾರೂ ಮಾರುವುದಿಲ್ಲ. ಯಂತ್ರದ ಜೊತೆ ಬಂದಿದ್ದ ಮೂರರಲ್ಲಿ ಎರಡು ಸತ್ತಿದ್ದವು, ಮೂರನೆಯದು ಮನಸ್ಸು ಬಂದರೆ ಕೆಲಸ ಮಾಡುತ್ತಿತ್ತು. ಇದೂ ಹೋದರೆ ಗುಜರಿಯವನನ್ನು ಕರೆಸುತ್ತೇನೆಂದು ಶೆಡ್ಡಿನ ಮಾಲೀಕ ಹೇಳಿಬಿಟ್ಟಿದ್ದ. ಶೆಡ್ಡಿನಲ್ಲಿ ಅತ್ತಿಗೆಯೂ ಸೇರಿ ಆರು ಜನ ದುಡಿಯುತ್ತಿದ್ದರು.

"ನಿನ್ನ ಮೂಲೆಯ ಹಳೇ ಕಂಪ್ಯೂಟರ್ ಮುಂದೆ ದಿನಾ ಅರ್ಧ ಗಂಟೆ ಕೂರ್ಲಾ? ಊಟದ ಬಿಡುವಿನಲ್ಲಿ ಬರ್ತೀನಿ. ಇಂಥವನ್ನ ಬದುಕಿಸೋರು ಇದ್ದಾರಂತೆ. ಹೇಗೆ ಅಂತ ನೋಡ್ಬೇಕು."

ನಾದಿನಿಗೆ ನಗು ಬಂತು. ಮನೆತನದಲ್ಲಿ ಕಂಪ್ಯೂಟರ್ ಬಲ್ಲವಳೆಂದರೆ ತಾನೊಬ್ಬಳೇ ಎಂಬ ಹೆಮ್ಮೆ ಅವಳಿಗಿತ್ತು, ಅದರಲ್ಲಿ ಸುಳ್ಳೂ ಇರಲಿಲ್ಲ. ಅತ್ತಿಗೆ ಹತ್ತನೇ ತರಗತಿಗೇ ಓದು ನಿಲ್ಲಿಸಿದವಳು, ಫೋನಿನಲ್ಲಿ ಗಡಿಯಾರ ಸರಿಮಾಡುವುದಕ್ಕೂ ಗಂಡನನ್ನು ಕೂಗುವವಳು. ನಾಲ್ಕು ದಿನ ಕೂತು ತಾನೇ ಎದ್ದುಹೋಗುತ್ತಾಳೆ ಎಂದುಕೊಂಡು, "ಕೂತ್ಕೋ," ಎಂದಳು. ಹೇಳುವಾಗ ಅತ್ತಿಗೆಯ ಮುಖ ನೋಡಲಿಲ್ಲ.

ನಾಲ್ಕು ದಿನ ನಾಲ್ಕು ವಾರವಾಯಿತು. ಅತ್ತಿಗೆ ಕೈ ತೊಳೆದು, ಒರೆಸಿಕೊಂಡು, ಕಸೂತಿ ನಕ್ಷೆ ಬಿಡಿಸುವ ಚೌಕುಳಿ ಪುಸ್ತಕ ತೆರೆದು ಕೂರುತ್ತಿದ್ದಳು. ಅಂತರ್ಜಾಲದಲ್ಲಿ ಇಂಥ ರಿಪೇರಿಯ ಮಾತು ಆಡುವವರೆಲ್ಲ ಬೇರೆ ಬೇರೆ ದೇಶದವರು. ಕೆಲವು ಪುಟಗಳ ಲಿಪಿ ನಾದಿನಿಗೂ ತಿಳಿಯದು. ಅತ್ತಿಗೆ ಆ ಲಿಪಿಯನ್ನು ಓದುತ್ತಿರಲಿಲ್ಲ, ಕಂಪ್ಯೂಟರ್ ಮಾಡಿಕೊಟ್ಟ ಹರಕು ಅನುವಾದದಿಂದ ಅರ್ಥ ಹಿಡಿದು ಬಿಡಿಸಿಕೊಳ್ಳುತ್ತಿದ್ದಳು. ಒಂದು ಗುಂಡಿಯ ಮೇಲಿನ ಅಕ್ಷರದ ಆಕಾರವನ್ನು ಚೌಕಗಳ ಮೇಲೆ ಹೂವಿನ ಹಾಗೆ ಇಳಿಸಿ, ಪಕ್ಕದಲ್ಲಿ 'ಇದು ಶುರು', 'ಇದನ್ನು ಮುಟ್ಟಬಾರದು' ಎಂದು ಬರೆಯುತ್ತಿದ್ದಳು. ಇಪ್ಪತ್ತು ವರ್ಷ ನಕ್ಷೆ ನೋಡಿ ಹೊಲಿಸಿದ ಕಣ್ಣು ಅದು. ಎಷ್ಟನೆಯ ಸಾಲು, ಎಷ್ಟನೆಯ ಮನೆ ಎಂದು ಒಮ್ಮೆ ಕಂಡರೆ ಮರೆಯುತ್ತಿರಲಿಲ್ಲ. ಪ್ರತಿ ಪುಟದ ಮೂಲೆಗೆ ಒಂದು ತುಂಡು ದಾರ ಚುಚ್ಚಿರುತ್ತಿದ್ದಳು. ಕೆಂಪು ದಾರವೆಂದರೆ ಮಾಡಿ ನೋಡಿದ್ದು, ಆಗಲಿಲ್ಲ. ಹಸಿರು ದಾರದ ಪುಟ ಒಂದೂ ಇರಲಿಲ್ಲ.

ಗಿರಾಕಿಯಿಲ್ಲದ ಒಂದು ಮಧ್ಯಾಹ್ನ ನಾದಿನಿ ತಡೆಯಲಾರದೆ ಕೇಳಿದಳು. "ಅಷ್ಟು ಏನಿದೆ ಅದರಲ್ಲಿ?"

ಅತ್ತಿಗೆ ಪೆನ್‌ಡ್ರೈವಿನ ಹೊರಗವಚವನ್ನು ಉಗುರಿನಿಂದ ಎಬ್ಬಿಸಿ ತೋರಿಸಿದಳು. ಹಸಿರು ಹಲಗೆಯ ಮೇಲೆ ಎರಡು ಕಪ್ಪು ಚಿಪ್ಪು.

"ಈ ದೊಡ್ಡದು ಉಗ್ರಾಣ. ಈ ಚಿಕ್ಕದು ಅದರ ಗುಮಾಸ್ತ. ಸಾಮಾನು ಎಲ್ಲಿಡಬೇಕು, ಎಲ್ಲಿಂದ ತೆಗೀಬೇಕು, ಎಲ್ಲ ಅವನದೇ. ಆದ್ರೆ ಆ ಪುಣ್ಯಾತ್ಮ ತನ್ನ ನಿಯಮದ ಪುಸ್ತಕಾನೂ ಉಗ್ರಾಣದೊಳಗೇ ಇಟ್ಕೊಂಡಿರ್ತಾನೆ. ಆ ಪುಸ್ತಕದ ಹಾಳೆ ಹರಿದುಹೋದ್ರೆ ಬಾಗಿಲಲ್ಲಿ ಬೆಪ್ಪಾಗಿ ನಿಂತುಬಿಡ್ತಾನೆ. ಉಗ್ರಾಣ ಸರಿಯಾಗೇ ಇರುತ್ತೆ. ಹೊಸ ಪುಸ್ತಕ ಕೊಟ್ರೆ ಮತ್ತೆ ಕೆಲಸ ಶುರು ಮಾಡ್ತಾನೆ."

"ಪುಸ್ತಕ ಎಲ್ಲಿ ಸಿಗುತ್ತೆ?"

"ಕಾರ್ಖಾನೆಯವರು ತಮಗೆ ಅಂತ ಮಾಡ್ಕೊಂಡ ತಂತ್ರಾಂಶ ಇದೆ. ಹೇಗೋ ಹೊರಗೆ ಬಂದಿದೆ. ಆದ್ರೆ ಗುಮಾಸ್ತ ಗುಮಾಸ್ತನಿಗೆ ಬೇರೆ ಬೇರೆ. ಒಬ್ಬನದು ಇನ್ನೊಬ್ಬನಿಗೆ ಕೊಟ್ರೆ..." ಅತ್ತಿಗೆ ಮಾತು ಅಲ್ಲಿಗೇ ನಿಲ್ಲಿಸಿ ಚಿಕ್ಕ ಚಿಪ್ಪಿನ ಮೇಲಿನ ನಂಬರನ್ನು ಭೂತಗನ್ನಡಿಯಲ್ಲಿ ನೋಡತೊಡಗಿದಳು.

ನಾದಿನಿ ಹದಿನೈದು ವರ್ಷದಿಂದ ಕಂಪ್ಯೂಟರ್ ಮುಂದೆ ಕೂತಿದ್ದಳು. ಪೆನ್‌ಡ್ರೈವಿನೊಳಗೆ ಎರಡು ಚಿಪ್ಪು ಇರುತ್ತವೆಂದು ಅವಳಿಗೆ ಗೊತ್ತಾದದ್ದು ಅವತ್ತು. ಮನಸ್ಸಿಗೆ ಸ್ವಲ್ಪ ಚುರುಕ್ ಎಂದಿತು.

ಅತ್ತಿಗೆ ನಿಲ್ಲಿಸಿದ ಮಾತು ಮರುವಾರವೇ ನಿಜವಾಯಿತು. ಸತ್ತ ಎರಡರಲ್ಲಿ ಒಂದಕ್ಕೆ ಸರಿಯಾದ ತಂತ್ರಾಂಶ ಸಿಕ್ಕಿತೆಂದು ಅವಳು ಓಡಿಸಿದಳು. ಅದು ಅದೇ ಹೆಸರಿನ, ಒಂದು ಅಂಕಿ ಬೇರೆಯಿದ್ದ ಚಿಪ್ಪಿನದು. ಪೆನ್‌ಡ್ರೈವಿನ ದೀಪ ಒಮ್ಮೆ ಮಿನುಗಿ ಆರಿತು, ಆಮೇಲೆ ಏನು ಮಾಡಿದರೂ ಮಿನುಗಲಿಲ್ಲ. ನಾದಿನಿಯಾಗಿದ್ದರೆ ಅದು ಮೊದಲೇ ಹಾಗಿತ್ತು ಎಂದು ಹೇಳಿ ಕೈ ತೊಳೆದುಕೊಳ್ಳುತ್ತಿದ್ದಳು. ಹಾಗೇ ಹೇಳು ಎಂದು ಸಲಹೆಯನ್ನೂ ಕೊಟ್ಟಳು. ಅತ್ತಿಗೆ ಕೇಳಲಿಲ್ಲ. ಪುಟಕ್ಕೆ ಕೆಂಪು ದಾರ ಚುಚ್ಚಿ ನೆಟ್ಟಗೆ ಶೆಡ್ಡಿಗೆ ನಡೆದಳು. ಏನಾಗುತ್ತದೋ ನೋಡೋಣವೆಂದು ನಾದಿನಿಯೂ ಶಟರ್ ಅರ್ಧ ಎಳೆದು ಹಿಂದೆಯೇ ಹೋದಳು.

"ಇದ್ದ ಎರಡರಲ್ಲಿ ಒಂದನ್ನ ಕೊಂದೇಬಿಟ್ಯಲ್ಲಮ್ಮಾ!" ಎಂದು ಮಾಲೀಕ ತಲೆಯ ಮೇಲೆ ಕೈಯಿಟ್ಟುಕೊಂಡ.

"ಹೌದು, ನಾನೇ ಕೊಂದೆ. ನಂಬರ್ ಪೂರ್ತಿ ನೋಡದೆ ಅವಸರ ಮಾಡಿದೆ," ಎಂದಳು ಅತ್ತಿಗೆ. "ಇನ್ನೊಂದನ್ನ ಕೊಡಿ."

ಮಾಲೀಕ ಅವಳ ಮುಖವನ್ನೇ ನೋಡಿದ. ತಪ್ಪು ಒಪ್ಪಿಕೊಂಡ ಉಸಿರಿನಲ್ಲೇ ಇನ್ನೊಂದನ್ನು ಕೇಳುವವರನ್ನು ಅವನು ನೋಡಿರಲಿಲ್ಲವೇನೋ. ಡ್ರಾಯರಿನಿಂದ ತೆಗೆದು ಕೊಟ್ಟ. "ತಿಂಗಳ ಕೊನೆವರೆಗೆ ನೋಡ್ತೀನಿ," ಎಂದ.

ಆ ಎರಡನೆಯದು ಇನ್ನೂ ಹಟಮಾರಿ. ಕಂಪ್ಯೂಟರ್ ಅದನ್ನು ಗುರುತೇ ಹಿಡಿಯುತ್ತಿರಲಿಲ್ಲ. ಗುಮಾಸ್ತ ಹರಿದ ಪುಸ್ತಕವನ್ನೇ ಓದಲು ಹೋಗಿ ಹೋಗಿ ಮೂರ್ಛೆ ಬೀಳುತ್ತಿದ್ದ. ಇಂಥದಕ್ಕೂ ಒಂದು ಉಪಾಯವಿತ್ತು. ಉಗ್ರಾಣದ ಚಿಪ್ಪಿಗೆ ಎರಡೂ ಬದಿಯಲ್ಲಿ ಕೂದಲೆಳೆಯಷ್ಟು ಸಣ್ಣ ಕಾಲುಗಳಿರುತ್ತವೆ. ಅವುಗಳಲ್ಲಿ ಗೊತ್ತಾದ ಎರಡನ್ನು ಲೋಹದ ಮೊನೆಯಿಂದ ಕೂಡಿಸಿ ಹಿಡಿದು, ಹಾಗೇ ಕಂಪ್ಯೂಟರಿಗೆ ಚುಚ್ಚಬೇಕು. ಆಗ ಗುಮಾಸ್ತನಿಗೆ ಉಗ್ರಾಣವೇ ಕಾಣುವುದಿಲ್ಲ. ಪುಸ್ತಕ ಹುಡುಕುವುದು ಬಿಟ್ಟು, ಏನು ಮಾಡಲಿ ಎಂದು ಅಪ್ಪಣೆಗೆ ಕಾಯುತ್ತಾನೆ. ಪಕ್ಕದ ಕಾಲಿಗೆ ತಗುಲಿದರೆ ಮುಗಿಯಿತು, ಇದೂ ಹೋದಂತೆಯೇ.

ಅತ್ತಿಗೆ ಶೆಡ್ಡಿನ ಅತಿ ಸಣ್ಣ ಕಸೂತಿ ಸೂಜಿ ತಂದಿದ್ದಳು. ಒಂದು ಕೈಯಲ್ಲಿ ಹಲಗೆ, ಇನ್ನೊಂದರಲ್ಲಿ ಸೂಜಿ. ಹಲಗೆಗೆ ಜೋಡಿಸಿದ್ದ ಕೇಬಲ್ಲನ್ನು ಕಂಪ್ಯೂಟರಿಗೆ ಚುಚ್ಚಲು ಮೂರನೆಯ ಕೈ ಇರಲಿಲ್ಲ. ಅವಳು ಬಾಯಿ ಬಿಟ್ಟು ಕೇಳಲಿಲ್ಲ. ನಾದಿನಿಯೇ ಎದ್ದು ಬಂದಳು.

"ಕೇಬಲ್ ಇಲ್ಲಿ ಕೊಡು. ನೀನು ಹೇಳಿದಾಗ ಚುಚ್ತೀನಿ."

"ಈಗ."

ಏನೂ ಆಗಲಿಲ್ಲ.

"ತೆಗಿ. ಮತ್ತೆ. ಈಗ."

ಮತ್ತೂ ಇಲ್ಲ. ನಾಲ್ಕು ಸಲ, ಐದು ಸಲ. ಗುರುತಿನ ಚೀಟಿಯ ಪ್ರತಿ ಮಾಡಿಸಲು ಬಂದಿದ್ದ ಒಬ್ಬ ಮುದುಕ ತನ್ನ ಕೆಲಸ ಮರೆತು ಕುತ್ತಿಗೆ ಚಾಚಿ ನಿಂತಿದ್ದ. "ಮುಳ್ಳು ತೆಗೀತಿದ್ದೀರಾ?" ಎಂದು ಕೇಳಿದ. "ಸುಮ್ನಿರಿ ಅಜ್ಜಾ," ಎಂದು ಇಬ್ಬರೂ ಒಟ್ಟಿಗೆ ಗದರಿದರು. ನಾದಿನಿ ಕೇಬಲ್ ಹಿಡಿದುಕೊಂಡೇ ಅತ್ತಿಗೆಯ ಕೈಯನ್ನು ನೋಡಿದಳು. ಸೂಜಿಯ ಮೊನೆ ಕಲ್ಲಿನಲ್ಲಿ ಕೊರೆದಿಟ್ಟ ಹಾಗಿತ್ತು. ಮೂಗಿನ ತುದಿಯ ಬೆವರು ಒರೆಸಿಕೊಳ್ಳಲೂ ಅವಳು ಅಲುಗಿರಲಿಲ್ಲ.

ಏಳನೆಯ ಸಲ, ಪರದೆಯ ಮೇಲಿನ ಖಾಲಿ ಚೌಕಗಳಲ್ಲಿ ಒಂದು ತಟ್ಟನೆ ಬಣ್ಣ ಬದಲಿಸಿ ಒಂದು ಸಂಖ್ಯೆ ತೋರಿಸಿತು.

"ಬಂತು! ಅತ್ತಿಗೇ, ಬಂತು!"

"ಕೂಗ್ಬೇಡ. ಸೂಜಿ ತೆಗೀತಿದ್ದೀನಿ. ಎಡಗಡೆಯಿಂದ ಮೂರನೇ ಗುಂಡಿ ಒತ್ತು. ಮೂರನೇದು. ಎಣಿಸಿ ಒತ್ತು."

ನಾದಿನಿ ಎಣಿಸಿ ಒತ್ತಿದಳು. ಗುಮಾಸ್ತ ಉಗ್ರಾಣದ ಒಂದೊಂದೇ ಕಪಾಟು ತೆರೆದು ನೋಡುತ್ತ, ಮುರಿದವಕ್ಕೆ ಗುರುತು ಹಾಕುತ್ತ ಹೋಗುವುದು ಪರದೆಯ ಮೇಲೆ ಅಂಕಿಗಳಾಗಿ ಕಾಣುತ್ತಿತ್ತು. ಇಪ್ಪತ್ತು ನಿಮಿಷ ಹಿಡಿಯಿತು. ಮುದುಕನಿಗೆ ಸ್ಟೂಲು ಕೊಟ್ಟರು. ನೂರಕ್ಕೆ ನೂರು ತಲುಪಿ ಚೌಕ ಹಸಿರಾದಾಗ ಚಪ್ಪಾಳೆ ಹೊಡೆದವನು ಅವನೇ. ಅತ್ತಿಗೆ ಚಪ್ಪಾಳೆಗೂ ಕಾಯದೆ ಪೆನ್‌ಡ್ರೈವ್ ಹಿಡಿದುಕೊಂಡು ಶೆಡ್ಡಿಗೆ ಓಡಿದಳು. ಹತ್ತು ನಿಮಿಷಕ್ಕೆ ಬೀದಿಯ ಆ ತುದಿಯಿಂದ ಆರು ಸೂಜಿತಲೆಗಳ ಕಸೂತಿ ಯಂತ್ರದ ಗಡಗಡ ಸದ್ದು ಕೇಳಿಸಿತು.

ಮರುದಿನ ಅಣ್ಣ ವ್ಯಾನು ನಿಲ್ಲಿಸಿ ಒಳಗೆ ಇಣುಕಿದರೆ ಇಬ್ಬರೂ ಒಂದೇ ಡಬ್ಬಿಯಿಂದ ಊಟ ಮಾಡುತ್ತಿದ್ದರು. "ಹಾಗಾದ್ರೆ ನನ್ನ ಕೆಲಸ ಹೋಯ್ತು," ಎಂದು ಹೇಳಿ, ಕರೆದರೂ ನಿಲ್ಲದೆ ಹೊರಟುಹೋದ. ಒತ್ತಕ್ಷರ ಯಾರು ನುಂಗಿದರು ಎಂಬ ಪ್ರಶ್ನೆಯನ್ನು ಆಮೇಲೆ ಯಾರೂ ಎತ್ತಲಿಲ್ಲ.

ಹಳೆಯ ಯಂತ್ರ ಇಟ್ಟುಕೊಂಡವರು ಆ ಬೀದಿಯಲ್ಲಿ ಎಷ್ಟು ಜನ ಇದ್ದಾರೆಂಬುದು ನಾದಿನಿಗೆ ಗೊತ್ತಾದದ್ದು ಆಗ. ಕಾಲುಚೀಲ ಹೆಣೆಯುವವನು, ಬೋರ್ಡಿನ ಅಕ್ಷರ ಕತ್ತರಿಸುವವನು, ಔಷಧಿ ಬಾಟಲಿಗೆ ಚೀಟಿ ಅಚ್ಚು ಹಾಕುವವಳು, ಎಲ್ಲರ ಯಂತ್ರಕ್ಕೂ ಚಿಕ್ಕ ಪೆನ್‌ಡ್ರೈವೇ ಬೇಕು, ಎಲ್ಲರ ಡ್ರಾಯರಿನಲ್ಲೂ ಸತ್ತವು ಒಂದೆರಡು ಬಿದ್ದಿವೆ. ಒಬ್ಬೊಬ್ಬರೇ ಬಂದರು. ಕಬ್ಬಿಣ ಕಡೆಯುವ ಲೇತ್ ಯಂತ್ರದವನು ಅತ್ತಿಗೆಗೆ 'ಸೂಜಿಯಮ್ಮ' ಎಂದು ಹೆಸರಿಟ್ಟ. ಹಸಿರು ದಾರದ ಪುಟಗಳು ಹೆಚ್ಚುತ್ತ ಹೋದವು. ಕೆಂಪು ಪುಟಗಳನ್ನೂ ಅವಳು ಹರಿದು ಎಸೆಯಲಿಲ್ಲ. "ಇವೇ ಜಾಸ್ತಿ ಕಲಿಸಿದ್ದು," ಎನ್ನುತ್ತಿದ್ದಳು.

ಒಂದು ಸಲ ಮಾತ್ರ ಅವಳು ಸೋತು ಕೂತದ್ದನ್ನು ನಾದಿನಿ ನೋಡಿದಳು. ಸಂಗೀತ ಕಲಿಸುವ ಮೇಷ್ಟರೊಬ್ಬರು ಪೆನ್‌ಡ್ರೈವ್ ತಂದುಕೊಟ್ಟರು. ಒಳಗಿದ್ದದ್ದು ಬೇಕೇ ಎಂದು ಅತ್ತಿಗೆ ಕೇಳಿದಳು. ಈ ರಿಪೇರಿಯಲ್ಲಿ ಉಗ್ರಾಣ ಪೂರ್ತಿ ಗುಡಿಸಿಹೋಗುತ್ತದೆ, ಏನೂ ಉಳಿಯುವುದಿಲ್ಲ. ಮೇಷ್ಟರು ಅವಸರದಲ್ಲಿ, "ಏನೂ ಇಲ್ಲಮ್ಮ, ಮಾಡು," ಎಂದರು. ಸಂಜೆ ಬಂದು ಖಾಲಿ ಪೆನ್‌ಡ್ರೈವ್ ನೋಡಿ ಮಂಕಾದರು. ಮೂರು ವರ್ಷ ಮಕ್ಕಳಿಗೆ ಹಾಡಿ ತುಂಬಿಸಿದ ಪಾಠಗಳು ಅದರಲ್ಲಿದ್ದವಂತೆ. ಅದು ಬೇರೆಯದು ಎಂದುಕೊಂಡಿದ್ದರಂತೆ. ತಪ್ಪು ಅವರದೇ, ಹಾಗೆಂದು ಅವರೇ ಹೇಳಿದರು. ಆದರೂ ಅತ್ತಿಗೆ ಎರಡು ದಿನ ಸೂಜಿ ಮುಟ್ಟಲಿಲ್ಲ. ಮೂರನೆಯ ದಿನ ಬಂದವಳು ಹೊಸ ನಿಯಮ ಮಾಡಿದಳು: ಒಂದೇ ಪ್ರಶ್ನೆಯನ್ನು ಮೂರು ಸಲ ಕೇಳುವುದು, ಉತ್ತರವನ್ನು ಗಿರಾಕಿಯ ಕೈಯಲ್ಲೇ ಬರೆಸುವುದು. ಒಳಗಿದ್ದದ್ದು ಬೇಕೆಂದರೆ, "ಅದು ನನಗೆ ಬರಲ್ಲ," ಎಂದು ನೇರವಾಗಿ ಹೇಳಿ, ಅದನ್ನು ಬಲ್ಲವನ ಅಂಗಡಿಯ ದಾರಿ ತೋರಿಸುತ್ತಿದ್ದಳು.

ಹೆಸರು ಹರಡಿದ ಮೇಲೆ ಒಬ್ಬ ವ್ಯಾಪಾರಿಯೂ ಹುಡುಕಿಕೊಂಡು ಬಂದ. ಒಳ್ಳೆಯ ಅಂಗಿ, ಸವಿಯಾದ ಮಾತು. ಒಂದು ಚೀಲದ ತುಂಬ ಹೊಸ ಪೆನ್‌ಡ್ರೈವ್. ಎಲ್ಲವೂ ನಾಲ್ಕು ಜಿಬಿಯವು.

"ರಿಪೇರಿ ಏನಿಲ್ಲ ಅಕ್ಕಾ. ಆ ತಂತ್ರಾಂಶದಲ್ಲಿ ಎಷ್ಟು ಜಿಬಿ ಅಂತ ಬರೆಯೋ ಜಾಗ ಇದೆಯಲ್ಲ, ಅಲ್ಲಿ ಅರವತ್ನಾಲ್ಕು ಅಂತ ಹಾಕಿಕೊಟ್ರೆ ಸಾಕು. ತಿಂಗಳಿಗೆ ಇಂಥ ಎರಡು ಚೀಲ ಬರುತ್ತೆ."

ನಾದಿನಿ ಮನಸ್ಸಿನಲ್ಲೇ ಅಂಗಡಿಗೆ ಹೊಸ ಮೇಜು, ಹೊಸ ಪ್ರಿಂಟರು ಎಲ್ಲ ಹಾಕಿ ನೋಡಿಬಿಟ್ಟಳು. "ಯೋಚಿಸಿ ಹೇಳ್ತೀವಿ," ಎಂದು ಬಾಯಿಗೆ ಬಂದೇಬಿಟ್ಟಿತು.

"ಯೋಚಿಸೋದು ಏನಿದೆ?" ಎಂದಳು ಅತ್ತಿಗೆ, ತಲೆ ಎತ್ತದೆ. "ಎರಡು ಮೀಟರ್ ಬಟ್ಟೆಗೆ ಹತ್ತು ಮೀಟರ್ ಅಂತ ಚೀಟಿ ಅಂಟಿಸಿದ್ರೆ, ಹೊಲಿಯೋಳಿಗೆ ಗೊತ್ತಾಗೋದು ಅಂಗಿ ಅರ್ಧ ಆದ್ಮೇಲೆ. ಚೀಲ ತಗೊಂಡು ಹೋಗಿ."

"ಎಲ್ಲರೂ ಮಾಡ್ತಾರೆ ಅಕ್ಕಾ."

"ಎಲ್ಲರ ಹತ್ರ ಹೋಗಿ ಹಾಗಾದ್ರೆ. ಬಾಗಿಲು ಅಲ್ಲಿದೆ."

ಅವನು ಹೋದ ಮೇಲೆ ನಾದಿನಿಗೆ ಅತ್ತಿಗೆಯ ಮುಖ ನೋಡಲು ನಾಚಿಕೆಯಾಯಿತು. ಅತ್ತಿಗೆ ಅದನ್ನು ಕಂಡರೂ ಕಾಣದವಳಂತೆ, "ಆ ಭೂತಗನ್ನಡಿ ಇತ್ತ ಕೊಡು," ಎಂದಳು.

ಆ ವರ್ಷದ ಕೊನೆಗೆ ಶೆಡ್ಡಿನ ಎರಡು ಪೆನ್‌ಡ್ರೈವ್‌ಗಳೂ ಹಣ್ಣಾದವು. ಎಷ್ಟು ಸಲ ಹೊಸ ಪುಸ್ತಕ ಕೊಟ್ಟರೂ ಉಗ್ರಾಣದ ಕಪಾಟುಗಳೇ ಕುಸಿದುಬಿದ್ದ ಮೇಲೆ ಗುಮಾಸ್ತ ತಾನೆ ಏನು ಮಾಡಿಯಾನು? ಊರೆಲ್ಲ ಹುಡುಕಿದರೂ ಇನ್ನೊಂದು ಚಿಕ್ಕದು ಸಿಗಲಿಲ್ಲ. ಆಸ್ಪತ್ರೆಯ ಎಂಟುನೂರು ಹೊದಿಕೆಯ ಕೆಲಸ ಅರ್ಧಕ್ಕೆ ನಿಂತಿತ್ತು. ಅತ್ತಿಗೆ ಎರಡು ದಿನ ಚೌಕುಳಿ ಪುಸ್ತಕದ ಪುಟ ತಿರುವುತ್ತ ಕೂತಳು. ಮೂರನೆಯ ಮಧ್ಯಾಹ್ನ ಉಣ್ಣುತ್ತಿದ್ದವಳು ತುತ್ತನ್ನು ಕೈಯಲ್ಲೇ ಹಿಡಿದು ನಕ್ಕಳು.

"ಏನಾಯ್ತು?"

"ಆ ಚೀಲದ ಕಳ್ಳ ಪಾಠ ಹೇಳಿಕೊಟ್ಟು ಹೋಗಿದ್ದಾನೆ ಕಣೇ. ಚಿಕ್ಕದನ್ನ ದೊಡ್ಡದು ಅನ್ನಿಸಬಹುದಾದ್ರೆ, ದೊಡ್ಡದನ್ನ ಚಿಕ್ಕದು ಅನ್ನಿಸೋಕೆ ಏನು ಅಡ್ಡಿ?"

ನಾದಿನಿಯ ಮೇಜಿನ ಮೇಲೆ ಹದಿನಾರು ಜಿಬಿಯ ಹೊಚ್ಚಹೊಸ ಪೆನ್‌ಡ್ರೈವ್ ಇತ್ತು. ಅತ್ತಿಗೆ ಅದರ ಚಿಪ್ಪಿನ ನಂಬರನ್ನು ಎರಡು ಸಲ ಓದಿದಳು, ನಾದಿನಿಯ ಕೈಯಲ್ಲೂ ಓದಿಸಿದಳು. ಸರಿಯಾದ ತಂತ್ರಾಂಶ ಹುಡುಕಲು ಆರು ದಿನ ಬೇಕಾಯಿತು. ಎಷ್ಟು ಜಿಬಿ ಎಂಬ ಮನೆಯಲ್ಲಿ ಅವಳು ಎರಡು ಎಂದು ತುಂಬಿದಳು. ಚೌಕ ಹಸಿರಾಯಿತು. ಇಬ್ಬರೂ ಶೆಡ್ಡಿಗೆ ಹೋದರು. ಎಲ್ಲರ ಎದುರಿಗೆ ಅತ್ತಿಗೆ ಅದನ್ನು ಯಂತ್ರಕ್ಕೆ ಚುಚ್ಚಿದಳು. ಯಂತ್ರದ ಪುಟ್ಟ ಪರದೆ ಸ್ವಲ್ಪ ಹೊತ್ತು ಯೋಚಿಸಿತು. ಆಮೇಲೆ ಒಂದರ ಕೆಳಗೊಂದು ಹೊದಿಕೆಯ ಹೆಸರುಗಳನ್ನೆಲ್ಲ ತೋರಿಸಿತು.

ಮಾಲೀಕ ಕುರ್ಚಿಯಲ್ಲಿ ಕುಸಿದು ಕೂತ. "ಇನ್ನು ಮೇಲೆ ಎಷ್ಟು ಬೇಕಾದ್ರೂ ಮಾಡಬಹುದಾ ಇದನ್ನ?"

"ಅಂಗಡಿಯಲ್ಲಿ ಪೆನ್‌ಡ್ರೈವ್ ಸಿಗೋವರೆಗೆ," ಎಂದಳು ಅತ್ತಿಗೆ.

ವಾಪಸು ಬರುವಾಗ ನಾದಿನಿಗೆ ಕೆಣಕದೆ ಇರಲಾಗಲಿಲ್ಲ. "ಅಲ್ಲ, ಆ ಚೀಲದವನಿಗೆ ಅಷ್ಟು ಉಪದೇಶ ಮಾಡಿದೆಯಲ್ಲ. ಇದೂ ಸುಳ್ಳೇ ಅಲ್ವಾ?"

"ಸುಳ್ಳೇ. ಇದರಿಂದ ಯಾರ ಅಂಗಿ ಅರ್ಧಕ್ಕೆ ನಿಂತಿದೆ ಹೇಳು, ಬಿಟ್ಟುಬಿಡ್ತೀನಿ."

ನಾದಿನಿ ನಕ್ಕು ಅಂಗಡಿಯ ಶಟರ್ ಎತ್ತಿದಳು.

ಈಗ ಪಕ್ಕದ ಊರುಗಳಿಂದಲೂ ಜನ ಬರುತ್ತಾರೆ. ಅತ್ತಿಗೆ ಶೆಡ್ಡಿನ ಕೆಲಸ ಬಿಟ್ಟಿಲ್ಲ. ಕಸೂತಿಯೇ ತನ್ನ ಕಸುಬು, ಇದು ಬಿಡುವಿನ ಕೆಲಸ ಎನ್ನುತ್ತಾಳೆ. ಹೋದ ತಿಂಗಳು ಒಂದು ದೊಡ್ಡ ಗಿರಣಿಯ ಎಂಜಿನಿಯರ್ ಕಾರಿನಲ್ಲಿ ಬಂದಿಳಿದ. ಅವರ ನಲವತ್ತು ಮಗ್ಗಗಳು ಹಳೆಯವಂತೆ, ಒಂದಕ್ಕೂ ಪೆನ್‌ಡ್ರೈವ್ ಸಿಗುತ್ತಿಲ್ಲವಂತೆ. ಕಂಪ್ಯೂಟರ್ ಮುಂದೆ ಕೂತಿದ್ದ ನಾದಿನಿಗೆ ನಮಸ್ಕರಿಸಿ, "ಇದನ್ನು ಮಾಡುವ ತಜ್ಞರು ತಾವೇ ಅಲ್ವೇ?" ಎಂದು ಕೇಳಿದ.

ಎರಡು ವರ್ಷದ ಹಿಂದೆ ಇದೇ ಮಾತು ಕೇಳಿದ್ದರೆ ನಾದಿನಿ ಹೌದೆಂದೇ ಹೇಳಿಬಿಡುತ್ತಿದ್ದಳೇನೋ. "ನಾನು ಕೇಬಲ್ ಚುಚ್ಚೋಳು," ಎಂದಳು. "ಅವರು ನಮ್ಮತ್ತಿಗೆ. ಒಳಗೆ ಊಟ ಮಾಡ್ತಿದ್ದಾರೆ."

"ಸ್ವಲ್ಪ ಕರೀತೀರಾ? ನನಗೆ ತುರ್ತಿದೆ."

"ಊಟಕ್ಕೆ ಕೂತೋರನ್ನ ಎಬ್ಬಿಸಲ್ಲ ಸಾರ್," ಎಂದು ನಾದಿನಿ ಅವನ ಮುಂದೆ ಸ್ಟೂಲು ಸರಿಸಿದಳು. ಎಂಜಿನಿಯರ್ ಗಡಿಯಾರ ನೋಡಿಕೊಂಡ, ಹೊರಗೆ ನಿಂತ ಕಾರು ನೋಡಿದ, ಆಮೇಲೆ ಕೂತ.